ದಿಲ್ಲಿಯವರು ನಮ್ಮ ಗದ್ದುಗೆಯ ಮೇಲೆ ಕೂತರು

ಆಯೋಗ ಎಂಬ ಮಾತು ಕಿವಿಗೆ ಬಿದ್ದರೆ ಈಗಲೂ ನನಗೆ ಮೈ ಉರಿಯುತ್ತದೆ. ಯಾವುದೋ ಬೆಲೆಯನ್ನೋ, ಯಾವುದೋ ಕೈಗಾರಿಕೆಯನ್ನೋ ಪರಿಶೀಲಿಸಲು ಸರಕಾರ ವಿಚಾರಣಾ ಆಯೋಗ ನೇಮಿಸಿದೆ ಎಂದು ರೇಡಿಯೋದಲ್ಲಿ ಬಂದ ಕೂಡಲೇ ನಾನು ಮಾಡುತ್ತಿರುವ ಕೆಲಸ ಬಿಟ್ಟು ಕೂರುತ್ತೇನೆ. ಈ ಸಲ ಅವರು ಯಾರ ಅಂಗಳಕ್ಕೆ ಹೋಗುತ್ತಾರೋ, ಅಲ್ಲಿ ಯಾರು ಬಾಯಿ ಬಿಡುತ್ತಾರೋ, ಯಾರು ಬಾಯಿ ಕಟ್ಟಿಕೊಂಡು ಕೂರುತ್ತಾರೋ ಎಂದು ಯೋಚನೆ ಹತ್ತುತ್ತದೆ. ನನ್ನ ಗಂಡ ನಗುತ್ತಾರೆ. "ಆಯೋಗ ಅಂದ್ರ ನಿನಗ ಸವತಿ ಹೆಸರು ಹೇಳಿದಂಗ ಆಗ್ತೈತಿ ನೋಡು," ಅನ್ನುತ್ತಾರೆ. ನಗಲಿ. ಅವರ ಅಕ್ಕ ಇಂದಿಗೂ ತನ್ನ ಮಕ್ಕಳ ನಡುವೆ ಕೂತು ಉಣ್ಣುತ್ತಾಳೆ.

ನಮ್ಮದು ಕೂಡ್ಲಿಗಿಯಿಂದ ಕೊಟ್ಟೂರಿಗೆ ಹೋಗುವ ದಾರಿಯಲ್ಲಿ ಸ್ವಲ್ಪ ಒಳಗೆ ಸರಿದು ಕೂತ ಊರು. ನಾನು ಹೇಳುತ್ತಿರುವುದು ಎಪ್ಪತ್ತರ ದಶಕ ಮುಗಿಯುತ್ತಿದ್ದ ಕಾಲದ ಮಾತು. ಊರಿನ ಅರ್ಧ ಜನ ಕುರಿ ಕಾಯುತ್ತಿದ್ದರು, ಉಳಿದರ್ಧ ಜನ ಕಂಬಳಿ ನೇಯುತ್ತಿದ್ದರು. ಹೆಂಗಸರು ರಾಟೆಯಲ್ಲಿ ಉಣ್ಣೆಯ ನೂಲು ತೆಗೆಯುತ್ತಿದ್ದರು. ಗಂಡಸರು ಮನೆಯೊಳಗೇ ತೋಡಿದ ಕುಣಿಯಲ್ಲಿ ಕಾಲು ಇಳಿಬಿಟ್ಟು ಮಗ್ಗಕ್ಕೆ ಕೂರುತ್ತಿದ್ದರು. ನೂಲಿಗೆ ಹಚ್ಚಲು ಹುಣಸೆ ಬೀಜದ ಗಂಜಿ ಕಾಯಿಸುವ ವಾಸನೆ ನಮ್ಮ ಓಣಿಯಲ್ಲಿ ಹಗಲೆಲ್ಲ ಇರುತ್ತಿತ್ತು. ಮದುವೆಯಾಗಿ ಹಗರಿಬೊಮ್ಮನಹಳ್ಳಿಗೆ ಹೋಗಿ ಅಲ್ಲಿನ ಶಾಲೆಯಲ್ಲಿ ಮೇಷ್ಟ್ರಮ್ಮ ಆದ ಮೇಲೆ ನನಗೆ ಆ ವಾಸನೆ ನೆನಪಾದರೆ ಸಾಕು, ಬಸ್ಸು ಹತ್ತಿ ತವರಿಗೆ ಬಂದುಬಿಡಬೇಕು ಅನ್ನಿಸುತ್ತಿತ್ತು.

ಆಗ ಒಂದು ಸರಕಾರಿ ನಿಯಮವಿತ್ತು. ಜೈಲು, ದೊಡ್ಡಾಸ್ಪತ್ರೆ, ಪೊಲೀಸ್ ಇಲಾಖೆ, ಹೀಗೆ ಸರಕಾರದ ಯಾವ ಕಚೇರಿಗೆ ಕಂಬಳಿ ಬೇಕಾದರೂ ಕೈಮಗ್ಗದ ಕಂಬಳಿಯನ್ನೇ ನೇಕಾರರ ಸಂಘಗಳಿಂದ ಕೊಳ್ಳಬೇಕು. ಕೊಟ್ಟೂರಿನಲ್ಲಿ ಉಣ್ಣೆ ಕೇಂದ್ರ ಎಂದೇ ಒಂದು ಇತ್ತು. ಸ್ವಂತ ಕುರಿ ಇಲ್ಲದವರು ಅಲ್ಲಿಂದ ಉಣ್ಣೆ ತಂದು, ನೂಲು ಮಾಡಿ ಕೊಟ್ಟು, ಕೂಲಿ ತೆಗೆದುಕೊಳ್ಳಬಹುದಿತ್ತು. ಆ ನೂಲು ಮಗ್ಗಕ್ಕೆ ಹೋಗುತ್ತಿತ್ತು, ಕಂಬಳಿಯಾಗಿ ಲಾರಿ ಹತ್ತುತ್ತಿತ್ತು. ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿ ಸೀಮೆಯ ನೇಕಾರರಿಗೆಲ್ಲ ಸೇರಿ ಒಂದು ಸಂಘವಿತ್ತು. ನನ್ನ ಅಪ್ಪ ಅದರ ಅಧ್ಯಕ್ಷ. "ಕಳ್ಳರು, ರೋಗದವರು, ಪೊಲೀಸರು, ಈ ಮೂರು ಮಂದಿ ತಣ್ಣಗಿರಲೆಪ್ಪಾ, ನಮ್ಮ ಒಲಿ ಉರಿತೈತಿ," ಎಂದು ಅಪ್ಪ ದೇವರಿಗೆ ಕೈಮುಗಿಯುವಾಗ ತಮಾಷೆ ಮಾಡುತ್ತಿದ್ದ.

ಉಣ್ಣೆ ಕೇಂದ್ರದಿಂದ ಉಣ್ಣೆ ತರುತ್ತಿದ್ದವರಲ್ಲಿ ನನ್ನ ಅಕ್ಕನೂ ಒಬ್ಬಳು. ಅವಳನ್ನು ಹರಪನಹಳ್ಳಿ ಕಡೆಗೆ ಕೊಟ್ಟಿದ್ದರು. ಭಾವ ಕಾಮಾಲೆಯಾಗಿ ತೀರಿಕೊಂಡಾಗ ಅವಳಿಗೆ ಸರಿಯಾಗಿ ಹರೆಯವೂ ದಾಟಿರಲಿಲ್ಲ. ಕಂಕುಳಲ್ಲಿ ಮಗಳನ್ನು ಎತ್ತಿಕೊಂಡು ತವರಿಗೆ ಬಂದಳು. ನಮ್ಮವ್ವ ಆಗಲೇ ಹೋಗಿದ್ದಳು. ಮನೆಯಲ್ಲಿ ಅಪ್ಪ, ಅಣ್ಣ, ಅತ್ತಿಗೆ, ಅವರ ಮಕ್ಕಳು. ಅಕ್ಕ ಯಾರ ಮುಂದೆಯೂ ಕೈ ಚಾಚಲಿಲ್ಲ. ಬಂದ ವಾರವೇ ಅವ್ವನ ರಾಟೆಯನ್ನು ಅಟ್ಟದಿಂದ ಇಳಿಸಿ, ಎಣ್ಣೆ ಬಿಟ್ಟು, ಕೂತಳು. ಕೊಟ್ಟೂರಿಗೆ ನಡೆದು ಹೋಗಿ ಉಣ್ಣೆಯ ಗಂಟು ಹೊತ್ತು ತರುತ್ತಿದ್ದಳು. ಅವಳು ಬರುವ ಹೊತ್ತಿಗೆ ಮಗು ಓಣಿಯ ತುದಿಯಲ್ಲಿ ನಿಂತಿರುತ್ತಿತ್ತು, ಗಂಟಿನ ಒಂದು ಮೂಲೆಯನ್ನು ತಾನೂ ಹಿಡಿದುಕೊಂಡು ದೊಡ್ಡ ಕೆಲಸ ಮಾಡಿದವರ ಹಾಗೆ ಬಿಗುಮಾನದಿಂದ ನಡೆದು ಬರುತ್ತಿತ್ತು.

ನಮ್ಮಲ್ಲಿ ಗಂಡ ಸತ್ತವಳಿಗೆ ಮತ್ತೊಂದು ಸಂಬಂಧ ಮಾಡುವ ರೂಢಿಯಿದೆ. ಅದಕ್ಕೆ ಉಡಿಕೆ ಅನ್ನುತ್ತಾರೆ. ಓಲಗವಿಲ್ಲ, ಚಪ್ಪರವಿಲ್ಲ. ಬೆಳಕು ಹರಿಯುವ ಮೊದಲೇ ಒಂದು ಸೀರೆ ಉಡಿಸಿ ಕಳಿಸಿಬಿಡುತ್ತಾರೆ. ಓದಿದವರು ಇದನ್ನು ಕೇಳಿ, ನಿಮ್ಮವರು ಎಷ್ಟು ಮುಂದುವರಿದವರು ಎಂದು ನನ್ನನ್ನು ಹೊಗಳಿದ್ದುಂಟು. ಆದರೆ ಉಡಿಕೆಯಾಗಿ ಹೋಗುವವಳ ಜೊತೆ ಮೊದಲ ಗಂಡನ ಮಗು ಹೋಗುವ ಹಾಗಿಲ್ಲ ಎಂಬುದು ಅವರಿಗೆ ಗೊತ್ತಿರುವುದಿಲ್ಲ. ಅದು ಬೇರೆ ಮನೆಯ ಬಳ್ಳಿ, ಬೇರೆ ದೇವರ ಒಕ್ಕಲು. ಅಕ್ಕನನ್ನು ಕೇಳಿಕೊಂಡು ಮೂರು ಕಡೆಯಿಂದ ಜನ ಬಂದಿದ್ದರು. ಕಡೆಯವರು ಹಿರೇಹಡಗಲಿಯವರು, ಹೊಲಮನೆ ಗಟ್ಟಿ ಇದ್ದವರು. ಗಂಡಿಗೆ ಮೀಸೆ ಬಂದ ಮಕ್ಕಳಿದ್ದರು.

"ನನ್ನ ಕೈ ನೂಲು ತಗಿಯೋತನಕ ನನ್ನ ಮಗಳನ್ನ ಬಿಟ್ಟು ನಾ ಎಲ್ಲಿಗೂ ಹೋಗಂಗಿಲ್ಲ," ಅಂದಳು ಅಕ್ಕ. ಅದನ್ನು ಅವಳು ಅಳುತ್ತ ಹೇಳಲಿಲ್ಲ, ರಾಟೆ ತಿರುಗಿಸುತ್ತಲೇ ಹೇಳಿದಳು. ಅಪ್ಪ ಹಿರೇಹಡಗಲಿಯವರಿಗೆ ಊಟ ಹಾಕಿ ಕಳಿಸಿದ. ಅತ್ತಿಗೆ ಪಾತ್ರೆ ಕುಕ್ಕಿದಳು, ಆದರೆ ಏನೂ ಅನ್ನಲಿಲ್ಲ. ಅಕ್ಕನ ಕೂಲಿಯಿಂದ ಮನೆಗೆ ಬರುತ್ತಿದ್ದ ಜೋಳ ಎಲ್ಲರ ಹೊಟ್ಟೆಗೂ ಹೋಗುತ್ತಿತ್ತು.

ಆ ಹೊತ್ತಿಗೆ ಕೊಟ್ಟೂರಿನಿಂದ ಸಂಘದ ಕಾರ್ಯದರ್ಶಿ ಸೈಕಲ್ ತುಳಿದುಕೊಂಡು ಬಂದು ಸುದ್ದಿ ಹೇಳಿದರು. ಅವರು ವ್ಯಾಪಾರಸ್ಥರ ಮನೆಯವರು, ನಮ್ಮ ಜನ ಅಲ್ಲ, ಆದರೂ ಸಂಘಕ್ಕಾಗಿ ಚಪ್ಪಲಿ ಸವೆಸಿದವರು. ಉತ್ತರದ ಕಡೆ ಮಿಲ್ಲಿನವರು ಹಳೆ ಬಟ್ಟೆ ಚಿಂದಿಯಿಂದ ಕಂಬಳಿ ಮಾಡುತ್ತಾರಂತೆ, ಅಗ್ಗವಂತೆ. ಸರಕಾರ ಕೈಮಗ್ಗದ್ದನ್ನೇ ಯಾಕೆ ಕೊಳ್ಳಬೇಕು ಎಂದು ಅವರು ದಿಲ್ಲಿಯಲ್ಲಿ ತಕರಾರು ತೆಗೆದಿದ್ದಾರಂತೆ. ಇದನ್ನೆಲ್ಲ ವಿಚಾರಿಸಲು ಒಂದು ಆಯೋಗ ಆಗಿದೆ. ಅದು ದೇಶವೆಲ್ಲ ತಿರುಗಿ, ಮಿಲ್ಲಿನವರನ್ನೂ ನೇಕಾರರನ್ನೂ ಕೇಳಿ, ಒಂದು ವರದಿ ಬರೆಯುತ್ತದೆ. ಅದರಂತೆ ಸರಕಾರ ನೀತಿ ಮಾಡುತ್ತದೆ. ನಮ್ಮ ಸೀಮೆಗೆ ಅವರು ಬರುವುದು ಒಂದೇ ದಿನ, ಕೂಡುವುದು ನಮ್ಮ ಅಂಗಳದಲ್ಲಿ.

"ಏನು ಕೇಳ್ತಾರ್ರೀ ಅವರು?" ಅಂದ ಅಪ್ಪ.

"ಕಷ್ಟ ಕೇಳ್ತಾರ್ರಿ. ಸುಖ ಕೇಳಾಕ ಅಲ್ಲಿಂದ ಯಾರು ಬರ್ತಾರ? ಇದ್ದ ಕಷ್ಟ ಇದ್ದಂಗ ಹೇಳಬೇಕು. ನಾಚಿಕಿ ಮಾಡಂಗಿಲ್ಲ."

ಕಷ್ಟ ಹೇಳುವುದು ನಮ್ಮವರಿಗೆ ಅಭ್ಯಾಸವಿಲ್ಲ. ನಮ್ಮ ಅಪ್ಪನ ಪೈಕಿ ಜನ ಹೊಟ್ಟೆಗೆ ಒದ್ದೆ ಬಟ್ಟೆ ಕಟ್ಟಿಕೊಂಡಿದ್ದರೂ ಎದುರಾದವರಿಗೆ ಊಟ ಆಯ್ತು ಅನ್ನುವವರು. ಅದಕ್ಕೇ ಕಾರ್ಯದರ್ಶಿ ಒಂದು ತಾಲೀಮು ಇಟ್ಟರು. ನಾನು ಆ ಭಾನುವಾರ ತವರಲ್ಲೇ ಇದ್ದೆ, ನಾಟಕದ ತಾಲೀಮಿಗೂ ನಾನು ಅಷ್ಟು ನಕ್ಕಿರಲಿಲ್ಲ. ಕಾರ್ಯದರ್ಶಿ ಕಟ್ಟೆಯ ಮೇಲೆ ದಿಲ್ಲಿ ಸಾಹೇಬರಾಗಿ ಕೂತರು. ಹೊಸಹಳ್ಳಿಯಿಂದ ಬಂದಿದ್ದ ಮುದುಕ ನೇಕಾರರೊಬ್ಬರು ಎದ್ದು ನಿಂತು, "ಸಾಹೇಬ್ರ, ಭಾಳ ಕಷ್ಟ ಐತ್ರಿ," ಅಂದು, ಮುಂದಿನದು ತೋಚದೆ, "ನೀವು ಆರಾಮ ಇದೀರ್ರಿ?" ಎಂದು ಕೇಳಿಬಿಟ್ಟರು. ಓಣಿಗೆ ಓಣಿಯೇ ಬಿದ್ದು ಬಿದ್ದು ನಕ್ಕಿತು.

ಆಗ ಅಕ್ಕ ಎದ್ದಳು. ಅವಳನ್ನು ಯಾರೂ ಕರೆದಿರಲಿಲ್ಲ. ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡು ಕಟ್ಟೆಯ ಮುಂದೆ ಬಂದು ನಿಂತು, "ಸಾಹೇಬ್ರ, ನನಗ ಹೊಲ ಇಲ್ಲ, ಕುರಿ ಇಲ್ಲ, ಗಂಡ ಇಲ್ಲ. ನನಗಿರೋದು ಒಂದು ರಾಟಿ, ಒಂದು ಕೂಸು. ನೀವು ನಮ್ಮ ಕಂಬಳಿ ಕೊಳ್ಳೋದು ಬಿಟ್ರ ಉಣ್ಣಿ ಬರೋದು ನಿಲ್ಲತೈತಿ. ಉಣ್ಣಿ ನಿಂತ್ರ ರಾಟಿ ನಿಲ್ಲತೈತಿ. ರಾಟಿ ನಿಂತ ದಿನ ನನ್ನ ಕೂಸಿನಿಂದ ನನ್ನ ಅಗಲಸ್ತಾರ. ಇಷ್ಟು ಬರಕೊಳ್ರಿ," ಅಂದಳು.

ಯಾರೂ ನಗಲಿಲ್ಲ. ಕಾರ್ಯದರ್ಶಿ ತಾವು ದಿಲ್ಲಿ ಸಾಹೇಬರಾಗಿದ್ದನ್ನು ಮರೆತು ಕಣ್ಣು ಒರೆಸಿಕೊಂಡರು. "ಯವ್ವಾ, ಇದನ್ನ ಹಿಂಗೇ ಹೇಳಿಬಿಡು. ಬ್ಯಾರೆ ಯಾರೂ ಬಾಯಿ ತಗಿಯೋದು ಬ್ಯಾಡ," ಅಂದರು. ಅಪ್ಪ ತಲೆ ತಗ್ಗಿಸಿ ಕೂತಿದ್ದ. ಮಗಳು ಓಣಿಯ ಮುಂದೆ ಹೀಗೆ ಬಿಚ್ಚಿ ಹೇಳಿದ್ದು ಅವನಿಗೆ ನೋವಾಗಿತ್ತು, ಹೆಮ್ಮೆಯೂ ಆಗಿತ್ತು. ಅವನು ಒಪ್ಪಿದ.

ಆಯೋಗ ಬರುವ ದಿನ ನಾನು ಶಾಲೆಗೆ ರಜೆ ಹಾಕಿ ಮೊದಲ ಬಸ್ಸಿಗೇ ಬಂದೆ. ಅಂಗಳ ಸಾರಿಸಿ ರಂಗೋಲಿ ಹಾಕಿದ್ದರು. ಕಾರ್ಯದರ್ಶಿ ಕೊಟ್ಟೂರಿನಿಂದ ಎತ್ತಿನ ಗಾಡಿಯಲ್ಲಿ ಕಬ್ಬಿಣದ ಕುರ್ಚಿ ಹೇರಿಸಿ ತಂದಿದ್ದರು, ಅವು ಬೇವಿನ ಮರದ ಕೆಳಗೆ ಸಾಲಾಗಿ ನಿಂತಿದ್ದವು. ಎದುರು ಪಕ್ಕದಲ್ಲಿ ಅಪ್ಪ ಗದ್ದುಗೆ ಹಾಕುತ್ತಿದ್ದ.

ಗದ್ದುಗೆಯೆಂದರೆ ನಮ್ಮವರಿಗೆ ಬರೀ ಹಾಸಿಗೆಯಲ್ಲ. ಯಾರೂ ಹೊದೆಯದ, ನೀರು ಕಾಣದ ಹೊಸ ಕರಿ ಕಂಬಳಿಯನ್ನು ನಾಲ್ಕು ಮಡಿಕೆ ಮಾಡಿ ಮೂಡಣಕ್ಕೆ ಹಾಸಿ, ಅದರ ಮೇಲೆ ಭಂಡಾರದ ಅರಿಶಿನ ಮತ್ತು ಅಕ್ಕಿಯಿಂದ ಗೆರೆ ಬರೆದು, ಎಲೆ ಅಡಿಕೆ ಇಟ್ಟರೆ ಅದು ದೇವರ ಪೀಠ. ಮದುವೆ ಮಾತು ಮುಗಿಯುವುದು ಅದರ ಮುಂದೆ, ಕುಲದ ಗುರು ಬಂದರೆ ಕೂರುವುದು ಅದರ ಮೇಲೆ. ಕೂತವರು ಏಳುವ ತನಕ ಅವರು ಮನುಷ್ಯರಲ್ಲ, ದೇವರು. ಅವರ ಮುಂದೆ ಜಗಳ ಆಡಬಾರದು, ಅಳಬಾರದು, ಮನೆಯಲ್ಲಿ ಇಂಥದ್ದು ಇಲ್ಲ ಎಂದು ಬಾಯಿ ಬಿಡಬಾರದು. ಗದ್ದುಗೆಯ ಮುಂದೆ ಕೊರತೆ ಆಡಿದರೆ ಆ ಕೊರತೆಗೂ ಪೀಠ ಕೊಟ್ಟ ಹಾಗೆ, ಆಮೇಲೆ ಅದು ಆ ಮನೆ ಬಿಟ್ಟು ಏಳುವುದಿಲ್ಲ ಎಂದು ನಮ್ಮವರ ನಂಬಿಕೆ. ನಾವು ಇದನ್ನು ಮೊಲೆಹಾಲಿನ ಜೊತೆ ಕುಡಿದವರು.

"ಕುರ್ಚಿ ಅದಾವಲ್ಲಪ್ಪಾ, ಇದ್ಯಾಕ?" ಎಂದು ನಾನು ಗೊಣಗಿದೆ. ಸಾರಿಸಿದ ಅಂಗಳದಲ್ಲಿ ಮತ್ತೆ ಅಕ್ಕಿ ಚೆಲ್ಲುತ್ತದಲ್ಲ ಎಂಬುದಷ್ಟೇ ನನ್ನ ಚಿಂತೆ.

"ಅವರು ಕುರ್ಚಿ ಮ್ಯಾಲೇ ಕೂಡ್ತಾರವ್ವಾ. ಹಿಂದಕ ಕಲೆಕ್ಟರ್ ಬಂದಾಗೂ ಹಾಸಿದ್ವಿ. ಬಗ್ಗಿ ಮುಟ್ಟಿ ಹಣಿಗೆ ಹಚಗೊಂಡು ಕುರ್ಚಿಗೆ ಹೋಗಿ ಕುಂತರು. ದೊಡ್ಡವರು ಮನಿಗೆ ಬಂದಾಗ ಗದ್ದುಗಿ ಹಾಸದಿದ್ರ ನಮ್ಮ ಮರ್ಯಾದಿ ಉಳಿತೈತೇನು?" ಅಂದ ಅಪ್ಪ. ಅದು ಸರಿಯಾದ ಮಾತೇ. ಮೊದಲು ಮರ್ಯಾದೆ, ಆಮೇಲೆ ಕುರ್ಚಿಯವರ ಮುಂದೆ ಕಷ್ಟ. ಎಲ್ಲದಕ್ಕೂ ಜಾಗ ಗೊತ್ತು ಮಾಡಿಯೇ ಇಟ್ಟಿದ್ದ.

ಬಿಸಿಲು ಏರುವ ಹೊತ್ತಿಗೆ ಜೀಪುಗಳೂ ಎರಡು ಬಿಳಿ ಕಾರುಗಳೂ ಬಂದವು. ಆಯೋಗದ ಅಧ್ಯಕ್ಷರು ತೆಳ್ಳನೆಯ, ನರೆತ ತಲೆಯ ಮನುಷ್ಯ. ಮುಖದಲ್ಲಿ ಅಧಿಕಾರದ ಬಿಗುಪಿರಲಿಲ್ಲ. ಜೊತೆಗೆ ಒಬ್ಬ ಸದಸ್ಯೆ, ಖಾದಿ ಸೀರೆ ಉಟ್ಟ ಹೆಂಗಸು. ಅವರ ಮಾತನ್ನು ಕನ್ನಡಕ್ಕೆ ಹೇಳಲು ಬೆಂಗಳೂರಿನ ಅಧಿಕಾರಿಯೊಬ್ಬರು. ಐದೂ ಕಡೆಯ ನೇಕಾರರು ತಲೆಗೆ ರುಮಾಲು ಸುತ್ತಿ ಕೈಮುಗಿದು ನಿಂತಿದ್ದರು. ಕಾರ್ಯದರ್ಶಿ ಕುರ್ಚಿಯ ಧೂಳನ್ನು ತಮ್ಮ ಟವಲಿನಿಂದ ಒರೆಸಿ, "ಬರ್ರಿ ಸರ್, ಇಲ್ಲಿ ಬರ್ರಿ," ಎಂದು ಕರೆದರು.

ಅಧ್ಯಕ್ಷರು ಕುರ್ಚಿಯನ್ನು ನೋಡಿದರು, ಗದ್ದುಗೆಯನ್ನೂ ನೋಡಿದರು. ಏನೋ ಅಂದರು. ಬೆಂಗಳೂರಿನವರು ನಗುತ್ತ ಹೇಳಿದರು, "ಸಾಹೇಬರು ಹೇಳ್ತಾ ಇದ್ದಾರೆ, ನೀವೆಲ್ಲ ನೆಲದ ಮೇಲೆ ಕೂತಿರುವಾಗ ಅವರಿಗೆ ಕುರ್ಚಿ ಬೇಡವಂತೆ. ನೀವು ಕೈಯಾರೆ ನೇಯ್ದ ಕಂಬಳಿಯ ಮೇಲೇ ಕೂರ್ತಾರಂತೆ."

ಹೇಳಿ ಮುಗಿಯುವ ಮೊದಲೇ ಆ ಮನುಷ್ಯ ಬೂಟು ಬಿಚ್ಚಿ, ಕಾಲುಚೀಲವನ್ನೂ ತೆಗೆದು, ಅಕ್ಕಿಯ ಗೆರೆ ಅಳಿಸದ ಹಾಗೆ ಎಚ್ಚರದಿಂದ ಗದ್ದುಗೆಯ ಮೇಲೆ ಚಕ್ಕಳಮಕ್ಕಳ ಹಾಕಿ ಕೂತರು. ಸದಸ್ಯೆಯೂ ಪಕ್ಕದಲ್ಲಿ ಕೂತರು. ನನ್ನ ಅಪ್ಪನ ಕಣ್ಣಲ್ಲಿ ನೀರು ತುಂಬಿತು. ಅಷ್ಟು ದೊಡ್ಡ ಅಧಿಕಾರಿಯೊಬ್ಬ ನಮ್ಮ ಗದ್ದುಗೆಗೆ ಅಷ್ಟು ಮರ್ಯಾದೆ ಕೊಟ್ಟದ್ದನ್ನು ಅವನು ಆ ಮೊದಲು ಕಂಡಿರಲಿಲ್ಲ. ಅವನು ಹೋಗಿ ಉದ್ದಂಡ ಅಡ್ಡಬಿದ್ದ. ಅವನ ಹಿಂದೆ ಎಲ್ಲರೂ ಅಡ್ಡಬಿದ್ದರು. ಆ ಅಧ್ಯಕ್ಷರನ್ನು ನಾನು ಎಷ್ಟು ಸಲ ಬೈದುಕೊಂಡಿದ್ದೇನೋ ಲೆಕ್ಕವಿಲ್ಲ. ಆದರೂ ಸತ್ಯ ಹೇಳಬೇಕು, ಅವರು ಅಲ್ಲಿ ಕೂತದ್ದು ಒಳ್ಳೆಯತನದಿಂದಲೇ. ಸ್ವಲ್ಪ ದರ್ಪದ ಮನುಷ್ಯನಾಗಿದ್ದರೆ, ಮಣ್ಣಿಗೆ ಪ್ಯಾಂಟು ಕೊಳೆಯಾಗುತ್ತದೆ ಎಂದು ಕುರ್ಚಿಗೆ ಹೋಗಿದ್ದರೆ, ನಮ್ಮ ಮನೆ ಉಳಿಯುತ್ತಿತ್ತು.

ವಿಚಾರಣೆ ಶುರುವಾಯಿತು. "ಸರಕಾರದ ಖರೀದಿಯಿಂದ ನಿಮಗೆ ಎಷ್ಟು ಅನುಕೂಲ ಆಗಿದೆ? ಅದು ನಿಂತರೆ ನಿಮಗೇನು ತೊಂದರೆ ಆಗುತ್ತೆ?" ಎಂದು ಬೆಂಗಳೂರಿನವರು ಕೇಳಿದರು.

ಅಪ್ಪ ಕೈ ಜೋಡಿಸಿದ. "ನಿಮ್ಮ ಪಾದ ನಮ್ಮ ಮನಿಗೆ ಬಂದಾವು. ಇನ್ನೇನು ತೊಂದ್ರಿ ಇರತೈತ್ರಿ."

ಕಾರ್ಯದರ್ಶಿ ಕೆಮ್ಮಿದರು. ಹೊಸಹಳ್ಳಿಯ ಮುದುಕರನ್ನು ಕೇಳಿದರೆ, "ಎಲ್ಲಾ ಸಮೃದ್ಧಿ ಐತ್ರಿ," ಅಂದರು. ಹರಪನಹಳ್ಳಿಯವರು, "ದೇವ್ರು ಚೆನ್ನಾಗಿಟ್ಟಾನ್ರಿ," ಅಂದರು. ಉಚ್ಚಂಗಿದುರ್ಗದಿಂದ ಬಂದಿದ್ದ ಹುಡುಗ ಒಬ್ಬ ಬಾಯಿ ತೆರೆದವನು, ಪಕ್ಕದವರು ತೊಡೆ ಚಿವುಟಿದ್ದಕ್ಕೆ ಸುಮ್ಮನಾದ. ಕಾರ್ಯದರ್ಶಿ ಹಿಂದಿನಿಂದ ಕಣ್ಣು ಮಿಟುಕಿಸಿದರು, ಕೈ ಆಡಿಸಿದರು, ಕೊನೆಗೆ ತಾವೇ ಎದ್ದು ಇಂಗ್ಲಿಷಿನಲ್ಲಿ ಏನೋ ಹೇಳಲು ಹೋದರು. ಅಧ್ಯಕ್ಷರು ನಯವಾಗಿಯೇ ತಡೆದರು. ಸಂಘದ ಹೇಳಿಕೆ ಆಮೇಲೆ ನೋಡೋಣ, ಈಗ ದುಡಿಯುವವರ ಬಾಯಿಂದಲೇ ಕೇಳಬೇಕು ಅಂದರಂತೆ.

ಖಾದಿ ಸೀರೆಯ ಸದಸ್ಯೆ ಗದ್ದುಗೆಯಿಂದಲೇ ಹೆಂಗಸರ ಕಡೆ ತಿರುಗಿದರು. ಅಕ್ಕ ಮುಂದಿನ ಸಾಲಿನಲ್ಲಿ ರಾಟೆ ಇಟ್ಟುಕೊಂಡು ಕೂತಿದ್ದಳು, ಕೂಸು ತೊಡೆಯ ಮೇಲಿತ್ತು. ಆಕೆ ಅಕ್ಕನ ನೂಲನ್ನು ಬೆರಳಲ್ಲಿ ಹಿಡಿದು ನೋಡಿ ಮೆಚ್ಚಿಕೊಂಡರು. ಆಮೇಲೆ ಕೇಳಿಸಿದರು, "ನಿನಗೆ ಈ ಕೆಲಸ ನಿಂತುಹೋದರೆ ಏನು ಮಾಡ್ತೀಯಮ್ಮ? ಹೆದರದೆ ಹೇಳು. ನಾವು ಅದನ್ನು ಕೇಳೋಕೆ ಬಂದಿರೋದು."

ನಾನು ಅಕ್ಕನ ಹಿಂದೆಯೇ ಕೂತಿದ್ದೆ. ಅವಳು ಅಪ್ಪನ ಕಡೆ ನೋಡಲಿಲ್ಲ, ಕಾರ್ಯದರ್ಶಿಯ ಕಡೆಯೂ ನೋಡಲಿಲ್ಲ, ಗದ್ದುಗೆಯನ್ನೇ ನೋಡುತ್ತಿದ್ದಳು. ತೊಡೆಯ ಮೇಲಿದ್ದ ಕೂಸಿನ ತಲೆಯ ಮೇಲೆ ಕೈ ಇಟ್ಟುಕೊಂಡಿದ್ದಳು. ಕೊರತೆ ಆಡಿದರೆ ಅದು ಕೂಸಿಗೇ ತಗಲುತ್ತದೆ ಎಂದು ಹೆದರಿದ್ದಾಗಿ ನನಗೆ ಆಮೇಲೆ ಹೇಳಿದಳು.

"ಏನೂ ಆಗಂಗಿಲ್ರಿ," ಅಂದಳು. "ಅಪ್ಪನ ಹೊಲ ಐತಿ, ಕುರಿ ಅದಾವು. ಇದು ಕೈ ಸುಮ್ಮನ ಇರಬಾರದಂತ ಮಾಡೋದ್ರಿ."

ಸದಸ್ಯೆಯ ಮುಖ ಅರಳಿತು. ಕೂಸಿನ ಗಲ್ಲ ಹಿಂಡಿದರು. ಬೆಂಗಳೂರಿನವರು ಅಕ್ಕನ ಮಾತನ್ನು ಇಂಗ್ಲಿಷಿಗೆ ಹೇಳಿದರು, ಇನ್ನೊಬ್ಬರು ಬರೆದುಕೊಂಡರು. ಆಮೇಲೆ ಊಟ. ಖಡಕ್ ರೊಟ್ಟಿ, ಶೇಂಗಾ ಚಟ್ನಿ, ಗಟ್ಟಿ ಮೊಸರು, ಹೋಳಿಗೆ. ಅಧ್ಯಕ್ಷರು ಎರಡು ಹೋಳಿಗೆ ಹಾಕಿಸಿಕೊಂಡು ತಿಂದರು. ಹೋಗುವಾಗ ಅಪ್ಪನ ಎರಡೂ ಕೈ ಹಿಡಿದುಕೊಂಡು, ಇಂಥ ನೆಮ್ಮದಿಯ ಜನರನ್ನು ಈ ಪ್ರವಾಸದಲ್ಲಿ ಬೇರೆಲ್ಲೂ ಕಾಣಲಿಲ್ಲ ಅಂದರಂತೆ.

ಕಾರಿನ ಧೂಳು ಇಳಿಯುವ ಮೊದಲೇ ಕಾರ್ಯದರ್ಶಿ ರುಮಾಲು ಕಿತ್ತು ನೆಲಕ್ಕೆ ಒಗೆದರು. "ಏನ್ರೀ ಇದು! ಎಲ್ಲಾರೂ ಸೇರಿ ನಮ್ಮ ಕುತ್ತಿಗಿ ಕೊಯ್ಕೊಂಡಂಗ ಆತಲ್ರಿ! ಅಷ್ಟು ಹೇಳಿಕೊಟ್ಟಿದ್ನಲ್ರಿ!"

"ಗದ್ದುಗಿ ಮ್ಯಾಲ ಕುಂತ್ರಲ್ರಿ ಅವರು," ಅಂದ ಅಪ್ಪ.

"ಕುಂತ್ರೇನಾತು?"

ಅಪ್ಪ ಬಿಡಿಸಿ ಹೇಳಿದ. ಕಾರ್ಯದರ್ಶಿ ಕೇಳುತ್ತ ಕೇಳುತ್ತ ತಾವೇ ತಂದಿದ್ದ ಒಂದು ಕುರ್ಚಿಯ ಮೇಲೆ ಕುಸಿದರು. "ಮೊದಲ ನನಗೊಂದು ಮಾತು ಹೇಳಬಾರದಿತ್ತೇನ್ರಿ, ಎಳೆದಾದ್ರೂ ಕುರ್ಚಿ ಮ್ಯಾಲ ಕುಂದರಸ್ತಿದ್ದೆ," ಅಂದರು. ಎಷ್ಟೋ ವರ್ಷ ನಮ್ಮ ಜೊತೆ ಉಂಡು ಕೂತಿದ್ದರೂ ಅವರಿಗೆ ಇದು ಗೊತ್ತಿರಲಿಲ್ಲ. ಎಲ್ಲರಿಗೂ ಗೊತ್ತಿರುವುದನ್ನು ಯಾರಾದರೂ ಹೇಳಿಕೊಡಬೇಕು ಎಂದು ನಮಗೂ ಹೊಳೆದಿರಲಿಲ್ಲ.

ಅಪ್ಪನೂ ಅವರೂ ಕೂಡಿ ಬಳ್ಳಾರಿಗೆ ಹೋಗಿ ಬಂದರು. ಒಂದು ಮನವಿ ಬರೆಸಿ, ಹೆಬ್ಬೆಟ್ಟು ಒತ್ತಿಸಿ ಕಳಿಸಿದರು. ನಿಮ್ಮ ಕಡೆಯ ವಿಚಾರಣೆ ಮುಗಿದಿದೆ, ಖುದ್ದಾಗಿ ಹೇಳಿದ್ದಕ್ಕಿಂತ ಆಮೇಲೆ ಬರೆದು ಕಳಿಸಿದ್ದಕ್ಕೆ ಬೆಲೆ ಕಡಿಮೆ ಎಂದು ಅಲ್ಲಿನ ಅಧಿಕಾರಿ ಹೇಳಿದರಂತೆ. ಅತ್ತ ಮಿಲ್ಲಿನವರು ದೊಡ್ಡ ದೊಡ್ಡ ವಕೀಲರನ್ನು ಕಟ್ಟಿಕೊಂಡು ಹೋಗಿ, ನಷ್ಟದಲ್ಲಿದ್ದೇವೆ, ಸಾಯುತ್ತಿದ್ದೇವೆ ಎಂದು ಎದೆ ಬಡಿದುಕೊಂಡರಂತೆ. ಅವರಿಗೇನು, ಅವರ ಮನೆಯಲ್ಲಿ ಗದ್ದುಗೆ ಇಲ್ಲ.

ವರದಿ ಬರಲು ಒಂದು ಮಳೆಗಾಲ ದಾಟಿತು. ನಾನು ಶಾಲೆಯಲ್ಲಿ ಮಕ್ಕಳ ಹಾಜರಿ ಕರೆಯುತ್ತಿದ್ದೆ, ಹೆಡ್‌ಮಾಸ್ತರರ ಕೋಣೆಯ ರೇಡಿಯೋದಲ್ಲಿ ವಾರ್ತೆ ಬರುತ್ತಿತ್ತು. ಆಯೋಗದ ಶಿಫಾರಸುಗಳನ್ನು ಸರಕಾರ ಒಪ್ಪಿಕೊಂಡಿದೆ ಅಂದರು. ಉಣ್ಣೆಯ ಕೈಗಾರಿಕೆ, ಹೊಸ ಖರೀದಿ ನೀತಿ ಎಂದೆಲ್ಲ ಹೇಳಿ, ಅದೇ ಉಸಿರಿನಲ್ಲಿ ಹವಾಮಾನಕ್ಕೆ ಹೋದರು. ನಮ್ಮ ಹೆಡ್‌ಮಾಸ್ತರರು ಬೀಡಿ ಹಚ್ಚಿಕೊಂಡರು. ಮಕ್ಕಳು "ಹಾಜರ್ರೀ ಟೀಚರ್" ಅನ್ನುತ್ತಲೇ ಇದ್ದವು.

ಕಾರ್ಯದರ್ಶಿ ಆಮೇಲೆ ವಿವರ ತಿಳಿದುಕೊಂಡು ಬಂದು ಹೇಳಿದರು. ಸರಕಾರಿ ಇಲಾಖೆಗಳು ಇನ್ನು ಯಾರಿಂದ ಬೇಕಾದರೂ ಕೊಳ್ಳಬಹುದು. ಎಲ್ಲಿ ನೇಕಾರರು ಬೇರೆ ಗತಿಯಿಲ್ಲದವರೋ ಅಲ್ಲಿ ಮಾತ್ರ ಉಣ್ಣೆ ಕೇಂದ್ರ ಉಳಿಸುತ್ತಾರೆ. ನಮ್ಮ ಸೀಮೆಯಲ್ಲಿ ನೂಲುವುದು ಬಿಡುವಿನ ವೇಳೆಯ ಕೆಲಸ ಎಂದು ತೀರ್ಮಾನವಾಗಿದೆ. ಇದರಲ್ಲಿ ಅವರು ಕಟ್ಟಿದ ಸುಳ್ಳು ಯಾವುದೂ ಇಲ್ಲ. ನಾವು ಹೇಳಿದ್ದನ್ನೇ ಅವರು ನಂಬಿದ್ದರು. ದೇಶದ ಆರ್ಥಿಕ ನೀತಿ ಅಂದರೆ ಲೆಕ್ಕ ಬಲ್ಲವರು ದಿಲ್ಲಿಯಲ್ಲಿ ಕೂತು ಮಾಡುವುದು ಎಂದು ನಾನು ಪಾಠ ಹೇಳುತ್ತಿದ್ದೆ. ಅದು ಹೀಗೆ ಒಬ್ಬೊಬ್ಬರ ಅಂಗಳದಲ್ಲಿ ಕೂತು, ಹೋಳಿಗೆ ಉಂಡು, ಒಬ್ಬ ಹೆಂಗಸು ಹೇಳಿದ ಎರಡು ಮಾತನ್ನು ಬರೆದುಕೊಂಡು ಹೋಗಿಯೂ ಆಗುತ್ತದೆ ಎಂದು ನನಗೆ ಆಗ ತಿಳಿಯಿತು.

ಲಾರಿ ಬರುವುದು ನಿಂತಿತು. ಮೊದಮೊದಲು ಅಪ್ಪ ನೇಯುತ್ತಲೇ ಇದ್ದ, ಕಂಬಳಿಗಳನ್ನು ಕೊಟ್ಟೂರಿನ ಸಂತೆಗೆ ಹೊತ್ತುಕೊಂಡು ಹೋಗುತ್ತಿದ್ದ. ಅಲ್ಲಿ ಆಗಲೇ ಮಿಲ್ಲಿನ ಬಣ್ಣ ಬಣ್ಣದ ಕಂಬಳಿ ರಾಶಿ ಬಿದ್ದಿತ್ತು. ಅಣ್ಣ ಮಗ್ಗ ಬಿಟ್ಟು ಕುರಿ ವ್ಯಾಪಾರಿಯ ಹಿಂದೆ ತಿರುಗಲು ಹತ್ತಿದ. ಉಣ್ಣೆ ಕೇಂದ್ರಕ್ಕೆ ಬೀಗ ಬಿದ್ದ ದಿನ ಅಕ್ಕ ಬರಿಗೈಯಲ್ಲಿ ನಡೆದು ಬಂದಳು. ಆಮೇಲೂ ಸ್ವಲ್ಪ ಕಾಲ ಅಪ್ಪನ ನಾಲ್ಕು ಕುರಿಯ ಉಣ್ಣೆ ನೂತಳು. ಅದು ಮುಗಿದ ಮೇಲೆ ಕೂಲಿಗೆ ಹೋದಳು. ಕಳೆ ಇದ್ದಾಗ ಕೂಲಿ, ಇಲ್ಲದಾಗ ಇಲ್ಲ. ಅತ್ತಿಗೆ ಕೆಟ್ಟವಳಲ್ಲ. ಆದರೆ ತನ್ನ ಮಕ್ಕಳ ತಾಟಿನಲ್ಲಿ ರೊಟ್ಟಿ ಕಡಿಮೆಯಾದಾಗ ಅವಳ ಕಣ್ಣು ತಾನಾಗಿಯೇ ಅಕ್ಕನ ಮಗಳ ತಾಟಿಗೆ ಹೋಗುತ್ತಿತ್ತು. ಅಕ್ಕ ಅದನ್ನು ಕಾಣುತ್ತಿದ್ದಳು.

ನಾನು ತಾಯಿ ಮಗಳಿಬ್ಬರನ್ನೂ ಕರೆದುಕೊಂಡು ಹೋಗುತ್ತೇನೆ ಅಂದೆ. ನಮ್ಮ ಅತ್ತೆ, "ಕೂಸು ಬೇಕಾದ್ರ ಬರಲಿ. ಹರೇದಾಕಿ, ಗಂಡಿಲ್ಲದಾಕಿ, ನಮ್ಮ ಮನಿಯಾಗ ಬ್ಯಾಡವ್ವಾ," ಅಂದರು. ನಾನು ಜಗಳವಾಡಿದೆ, ಊಟ ಬಿಟ್ಟೆ. ಅವರು ಜಪ್ಪಯ್ಯ ಅನ್ನಲಿಲ್ಲ. ಆ ಹೊತ್ತಿಗೆ ಹಿರೇಹಡಗಲಿಯವರು ಮತ್ತೊಮ್ಮೆ ಹೇಳಿ ಕಳಿಸಿದರು. ಅಪ್ಪ ಈ ಸಲ ಅವರಿಗೆ ಬರೀ ಊಟ ಹಾಕಿ ಕಳಿಸಲಿಲ್ಲ.

ಉಡಿಕೆಯ ಹಿಂದಿನ ಸಂಜೆ ನಾನು ಬಂದೆ. ಅಕ್ಕ ಹಿತ್ತಲಲ್ಲಿ ಮಗಳಿಗೆ ತಲೆಗೆ ಎರೆಯುತ್ತಿದ್ದಳು. ಅಪ್ಪನನ್ನು ಕೇಳಿದ್ದರು, ಅಣ್ಣನನ್ನು ಕೇಳಿದ್ದರು, ಸತ್ತ ಭಾವನ ಮನೆಯವರನ್ನು ಕೇಳಿ ಬಿಡುಗಡೆ ಪಡೆದಿದ್ದರು, ಗುಡಿಗೆ ಹೋಗಿ ದೇವರ ಅಪ್ಪಣೆಯನ್ನೂ ಕೇಳಿದ್ದರು. ನಾನು, "ನಿನಗ ಮನ್ಸು ಐತೇನಕ್ಕಾ?" ಅಂದೆ.

ಅವಳು ಕೂಸಿನ ಕಣ್ಣಿಗೆ ನೊರೆ ಹೋಗದ ಹಾಗೆ ಹಣೆಗೆ ಕೈ ಅಡ್ಡ ಹಿಡಿದಿದ್ದಳು. "ನನ್ನ ಮನ್ಸು ಕೇಳಿದಾಕಿ ಅಂದ್ರ ಆ ಖಾದಿ ಸೀರಿಯಾಕಿ ಒಬ್ಬಾಕಿನೇ ನೋಡಲೇ," ಅಂದಳು. "ಹೆದರದ ಹೇಳು ಅಂದ್ಲು. ಎಲ್ಲಿಂದಲೋ ಬಂದಾಕಿ. ನನ್ನ ಬಾಯಾಗ ಮಾತು ತುದಿಗೇ ಇತ್ತು." ಆಮೇಲೆ ಚೊಂಬು ಕೆಳಗಿಟ್ಟು ಅತ್ತಳು. ಅವಳು ಅತ್ತದ್ದನ್ನು ನಾನು ಅಷ್ಟು ವರ್ಷಗಳಲ್ಲಿ ಅದೊಂದು ಸಲ ಕಂಡದ್ದು. ನಾನೂ ಅತ್ತೆ. ಕೂಸು ನೊರೆ ಮೆತ್ತಿದ ಕಣ್ಣು ಮುಚ್ಚಿಕೊಂಡೇ, "ನೀರು ಹಾಕವ್ವಾ, ಚಳಿ ಆಗ್ತೈತಿ," ಅಂದಿತು.

ಮುಂಜಾನೆ ಕೋಳಿ ಕೂಗುವ ಹೊತ್ತಿಗೆ ಅವಳಿಗೆ ಸೀರೆ ಉಡಿಸಿ, ಗಾಡಿ ಹತ್ತಿಸಿ ಕಳಿಸಿದರು. ಹೋಗುವಾಗ ಅವಳು ಮಲಗಿದ್ದ ಮಗಳ ಹತ್ತಿರ ಹೋಗಲಿಲ್ಲ. ಹೋದರೆ ಏಳುತ್ತದೆ, ಎದ್ದರೆ ಬಿಡುವುದಿಲ್ಲ ಎಂದು ಬಾಗಿಲಿನಿಂದಲೇ ನೋಡಿದಳು. ಅಪ್ಪ ಗಾಡಿಯ ಹಿಂದೆ ಊರ ಅಗಸೆ ಬಾಗಿಲ ತನಕ ನಡೆದು ಹೋಗಿ, ಬಹಳ ಹೊತ್ತು ಮರಳಿ ಬರಲಿಲ್ಲ.

ಬೆಳಕಾದ ಮೇಲೆ ಕೂಸು ಎದ್ದಿತು. ಪಕ್ಕದಲ್ಲಿ ಕೈ ಆಡಿಸಿತು. ಅಡುಗೆ ಮನೆ, ಹಿತ್ತಲು ಎಲ್ಲ ನೋಡಿ ಬಂದು ನನ್ನ ಮುಂದೆ ನಿಂತಿತು. "ಚಿಗವ್ವಾ, ನಮ್ಮವ್ವ ಎಲ್ಲಿ?"

ಎಂಟು ಗಂಟೆಯ ಬಸ್ಸಿಗೆ ನಾನು ಅವಳನ್ನು ಹಗರಿಬೊಮ್ಮನಹಳ್ಳಿಗೆ ಕರೆದುಕೊಂಡು ಹೋಗಬೇಕಿತ್ತು. ಹೇಗೆ ಹೇಳಬೇಕು ಎಂದು ರಾತ್ರಿಯೆಲ್ಲ ಜೋಡಿಸಿಕೊಂಡಿದ್ದ ಮಾತನ್ನೆಲ್ಲ ಬಿಟ್ಟುಬಿಟ್ಟೆ. "ಉಣ್ಣಿ ತರಾಕ ಕೊಟ್ಟೂರಿಗೆ ಹೋಗ್ಯಾಳವ್ವಾ," ಅಂದೆ.

ಅವಳು ನನ್ನ ಮುಖ ನೋಡಿದಳು.

"ಅಲ್ಲಿ ಉಣ್ಣಿ ಕೊಡೋದು ಬಂದ್ ಆಗೇತಿ ಚಿಗವ್ವಾ," ಅಂದಳು. ಆಮೇಲೆ ತಾನೇ ಹೋಗಿ ಮುಖ ತೊಳೆದುಕೊಂಡು ಬಂದು, ತಲೆ ಬಾಚಿಸಿಕೊಳ್ಳಲು ನನ್ನ ಮುಂದೆ ಬೆನ್ನು ಮಾಡಿ ಕೂತಳು.